ಮೇಜಿನ ಆಚೆ ಬದಿ

ಚಳಿಗಾಲದಲ್ಲಿ ಒಂದು ದಿನ ಪಾದ್ರಿ ಬರುತ್ತಿದ್ದ,
ಹಿಮಗಾಡಿಯಲ್ಲಿ, ಮೊಣಕಾಲ ಮೇಲೆ ದಪ್ಪ ದಫ್ತರ.
ಗ್ರಾನ್‌ಸೆಲೆಯ ಏಳು ಮನೆಯವರೂ
ಒಂದೇ ಅಡುಗೆಮನೆಯಲ್ಲಿ ಒತ್ತೊತ್ತಾಗಿ ಕೂತು
ಓದಿ ತೋರಿಸಬೇಕು.
ಗಂಡಸರು, ಹೆಂಗಸರು, ದನ ಕಾಯುವ ಹುಡುಗಿ ಕೂಡ.
ಓದು ಬಾರದವರಿಗೆ ಪ್ರಭುವಿನ ರೊಟ್ಟಿಯಿಲ್ಲ,
ಆ ರೊಟ್ಟಿ ಮುಟ್ಟದವರಿಗೆ ಮದುವೆಯಿಲ್ಲ.
ಸ್ವೀಡನ್ನಿನ ಆ ಬಡಗಣ ಮೂಲೆಯಲ್ಲೂ ಕಟ್ಟಳೆ ಕಟ್ಟಳೆಯೇ.

ಇಂಗೆಬೋರ್ಗಳ ಸರದಿ. ಹನ್ನೊಂದು ವರ್ಷ.
ಪುಸ್ತಕ ಕೈಗೆ ಕೊಟ್ಟರೆ
ತಲೆಕೆಳಗು ಮಾಡಿ ಹಿಡಿದಳು.
ಬೆಂಚಿನ ತುಂಬ ನಗು.
ನಗು ಮುಗಿಯುವ ಮೊದಲೇ ಓದತೊಡಗಿದಳು,
ಎಲ್ಲೂ ತಡೆಯದೆ.
ಪಾದ್ರಿ ಪುಸ್ತಕ ತಿರುಗಿಸಿ ನೆಟ್ಟಗೆ ಕೊಟ್ಟ.
ಈಗ ತೊದಲಿದಳು.

ಮನೆಗೊಂದೇ ಪುಸ್ತಕ, ಏನು ಮಾಡುವುದು?
ಅದು ಅಣ್ಣ ಯೋನಾಸನ ಮುಂದೆ,
ಅವ್ವನ ಬೆರಳು ಅವನ ಸಾಲಿನ ಮೇಲೆ.
ಇವಳು ಮೇಜಿನ ಆಚೆ ಬದಿ, ಉಣ್ಣೆ ಹಿಂಜುತ್ತ.
ಅಕ್ಷರಗಳು ಇವಳಿಗೆ ಸಿಕ್ಕಿದ್ದೇ ಕಾಲು ಮೇಲಾಗಿ,
ಕಟ್ಟಿ ಒಯ್ಯುವ ಕೋಳಿಗಳ ಹಾಗೆ.

ಪಾದ್ರಿ ಕೆಟ್ಟವನಲ್ಲ.
ದಫ್ತರದಲ್ಲಿ ಅವಳ ಹೆಸರಿನ ಮುಂದೆ
ಒಂದು ಗೆರೆ ಎಳೆದ: ಓದಬಲ್ಲಳು.
ಅವಳ ಕಣ್ಣು ಗೆರೆಯ ಮೇಲಿರಲಿಲ್ಲ,
ಗೆರೆ ಎಳೆದ ಹೆಬ್ಬಾತಿನ ಗರಿಯ ಮೇಲಿತ್ತು.
"ಅದನ್ನು ಹಿಡಿಯುವುದು ಹೇಗೆ?"
"ಅದು ಬೇಡ ಮಗು. ದೇವರು ನಿನಗೆ ಹೇಳುವುದಿದೆ,
ಅದಕ್ಕೇ ಓದು. ನೀನು ಯಾರಿಗೆ ಏನು ಹೇಳಬೇಕು?"

ಯಾರಿಗೆಂದು ಗೊತ್ತಾಗಲು ಮೂವತ್ತು ವರ್ಷ ಬೇಕಾಯಿತು.
ಮಗಳು ಮಾರ್ಗಿಟ್ ಸ್ಟಾಕ್‌ಹೋಮಿಗೆ ಹೋದಳು,
ಸಾಬೂನು ವ್ಯಾಪಾರಿಯ ಮನೆಗೆಲಸಕ್ಕೆ.
ಇಗರ್ಜಿಯ ಗಂಟೆಯವನು ಕಾಗದ ಬರೆದುಕೊಡುತ್ತಿದ್ದ,
ಕಾಗದಕ್ಕೆ ಹನ್ನೆರಡು ಮೊಟ್ಟೆ.
"ರಾತ್ರಿ ಯಜಮಾನ ಕದ ತಟ್ಟಿದರೆ ತೆಗೆಯಬೇಡ,
ಒಲೆಯ ಸರಳು ಹಾಸಿಗೆಯ ಪಕ್ಕದಲ್ಲಿರಲಿ"
ಎಂದಳು ಇಂಗೆಬೋರ್ಗ್.
ಬರೆದು, ಮರಳು ಉದುರಿಸಿ, ಅವನು ಓದಿ ಹೇಳಿದ:
"ಯಜಮಾನರಿಗೆ ಸದಾ ವಿಧೇಯಳಾಗಿರು."
ಇಂಥದ್ದನ್ನೆಲ್ಲ ಕಾಗದದಲ್ಲಿ ಹಾಕುವುದಿಲ್ಲವಮ್ಮ, ಎಂದ.
ಅವನ ಅಕ್ಕರ ದುಂಡಗಿತ್ತು,
ಅಕ್ಕರೆ ಅದರಲ್ಲಿ ಇಳಿಯಲಿಲ್ಲ.
ಮೊಟ್ಟೆ ವಾಪಸು ತಂದಳು. ಹನ್ನೆರಡನ್ನೂ.

ಬಾರ್ಲಿ ಹಿಟ್ಟನ್ನು ಹಲಗೆಯ ಮೇಲೆ ಹರವಿ
ಬೆರಳಲ್ಲಿ ತಿದ್ದಿದಳು.
ಕಂಡದ್ದು ಅಚ್ಚಿನ ಅಕ್ಷರ ಮಾತ್ರ,
ಮೂಲೆ ಮೂಲೆಗೂ ಮುಳ್ಳಿರುವಂಥದ್ದು;
ಒಂದೊಂದಕ್ಕೂ ಒಂದು ಹಸು ಕರೆಯುವಷ್ಟು ಹೊತ್ತು.
ಹಗಲು ತಿದ್ದಿದ ಮಾತನ್ನು ಸಂಜೆ ನಾದಿ ಸುಟ್ಟಳು.
ಗಂಡ ತಿಂದ, ಏನೂ ತಿಳಿಯದೆ,
ಇನ್ನೊಂದು ಕೇಳಿದ.

ಕಣ್ಣು ಅಷ್ಟರಲ್ಲಿ ನೇರ ಓದಲು ಕಲಿತಿತ್ತು.
ಕೈ ಮಾತ್ರ ಇನ್ನೂ ಆಚೆ ಬದಿಯಲ್ಲೇ ಕೂತಿತ್ತು.
ಬಲದಿಂದ ಎಡಕ್ಕೆ, ಕೆಳಗಿನಿಂದ ಮೇಲಕ್ಕೆ,
ಹೊಗೆಗೂಡಿನ ಮಸಿ, ಕಾಡುಕೋಳಿಯ ಗರಿ,
ಉಪ್ಪು ಕಟ್ಟಿ ಬಂದಿದ್ದ ಹಾಳೆ:
ಅಗುಳಿ ಹಾಕು. ಸರಳು ಹತ್ತಿರವಿರಲಿ. ಅವ್ವ.
ಬರೆದು ಮುಗಿದ ಮೇಲೆ ಹಾಳೆಯನ್ನೊಮ್ಮೆ ತಿರುಗಿಸಿದಳು.
ಎಲ್ಲ ನೆಟ್ಟಗಿತ್ತು.
ಅಷ್ಟೇ ಆಗಿದ್ದು, ಇಷ್ಟು ವರ್ಷ.

ಆ ವರ್ಷವೂ ಪಾದ್ರಿ ಬಂದ, ಈಗ ಬೇರೆಯವನು,
ಅದೇ ದಫ್ತರ, ಹೆಸರಿನ ಮುಂದೆ ಅದೇ ಗೆರೆ.
ಬರಹಕ್ಕೆ ಅಂಕಣವೇ ಇರಲಿಲ್ಲ.
ಅವಳೂ ಹೇಳಲಿಲ್ಲ.

ಕಡಲಿನ ಮಂಜು ಒಡೆದ ಮೇಲೆ
ತೊಗಲಿನ ವ್ಯಾಪಾರಿಯ ದೋಣಿಯಲ್ಲಿ
ಅದೇ ಹಾಳೆ ಮರಳಿ ಬಂತು.
ಮಾರ್ಗಿಟ್‌ಗೂ ಕಲಿಸಿದ್ದು ಓದು ಮಾತ್ರ.
ಹಾಳೆಯ ಬೆನ್ನಿಗೆ, ಇದ್ದಿಲಿನಲ್ಲಿ,
ಅವ್ವನ ಸಾಲಿನಿಂದಲೇ ಒಂದೊಂದಾಗಿ ಕಿತ್ತ
ಮುಳ್ಳು ಮುಳ್ಳಿನ ಅಕ್ಷರಗಳು,
ಒಂದು ಮಾತಿಗೆ ಸಾಲುವಷ್ಟು:
ಹಾಕಿದೆ.

ಇಂಗೆಬೋರ್ಗ್ ಅದನ್ನು ಮೇಜಿನ ಮೇಲಿಟ್ಟಳು,
ಕೈ ಒರೆಸಿಕೊಂಡಳು,
ಸುತ್ತಿ ಆಚೆ ಬದಿಗೆ ಹೋಗಿ
ತನ್ನ ಜಾಗದಲ್ಲಿ ಕೂತು
ಓದಿದಳು.